ಅವ್ವನ ಪಾಸ್‌ಬುಕ್‌ನಲ್ಲಿ ಗುರುತಿಲ್ಲದ ಹೆಸರು

ನವೆಂಬರ್‌ನಲ್ಲಿ ಅವ್ವನ ಜೀವಿತ ಪ್ರಮಾಣಪತ್ರ ಕೊಡಲು ಬ್ಯಾಂಕಿಗೆ ಹೋಗಿದ್ದೆವು. ಅಪ್ಪ ಪ್ರೈಮರಿ ಶಾಲೆ ಮೇಷ್ಟ್ರಾಗಿದ್ದವರು. ಅವರು ತೀರಿಕೊಂಡ ಮೇಲೆ ಅವ್ವನಿಗೆ ಕುಟುಂಬ ಪಿಂಚಣಿ ಬರುತ್ತದೆ. ಯಾರ ಮುಂದೆಯೂ ಕೈಚಾಚದೆ ಅವಳು ಖರ್ಚು ಮಾಡುವ ದುಡ್ಡು ಅದೊಂದೇ. ಬೇಸಿಗೆಯಲ್ಲಿ ಎಂಟ್ರಿ ಮಾಡಿಸಿದ್ದ ಪಾಸ್‌ಬುಕ್ಕನ್ನು ಮೆಷಿನ್‌ಗೆ ಹಾಕಿದೆವು. ಪುಟದ ಮೇಲೆ ಪುಟ ಪ್ರಿಂಟ್ ಆಗಿ ಬಂತು.

ಈಗಿನ ಪಾಸ್‌ಬುಕ್ ಓದುವುದು ಸುಲಭದ ಕೆಲಸ ಅಲ್ಲ. ಮೊದಲು ತಿಂಗಳಿಗೆ ನಾಲ್ಕೈದು ಸಾಲು ಇರುತ್ತಿತ್ತು. ಪಿಂಚಣಿ ಬಂತು, ಎಟಿಎಂನಿಂದ ತೆಗೆದರು, ಬಡ್ಡಿ ಸೇರಿತು, ಅಷ್ಟೇ. ಯುಪಿಐ ಬಂದ ಮೇಲೆ ಸೊಪ್ಪಿಗೆ 20, ಹಾಲಿಗೆ 50, ಮಾತ್ರೆ ಅಂಗಡಿಗೆ 340 ಅಂತ ಸಾಲುಗಳು ತುಂಬಿಕೊಂಡಿವೆ. ಆ ಸಾಲುಗಳ ಮಧ್ಯೆ 199 ರೂಪಾಯಿಯ ಒಂದು ಸಾಲು ಇತ್ತು. ಪುಟ ತಿರುಗಿಸಿದರೆ ಇನ್ನೊಂದು. ಮೇ ತಿಂಗಳಿಂದ ಪ್ರತಿ ತಿಂಗಳೂ, ಹೆಚ್ಚುಕಮ್ಮಿ ಅದೇ ತಾರೀಖಿಗೆ, ಅದೇ 199. ಅಕ್ಟೋಬರ್‌ನಲ್ಲಿ ಮಾತ್ರ ಬೇರೆ ಒಂದು ಸಾಲು: ಡೆಬಿಟ್ ಕಾರ್ಡಿನಿಂದ 1,499 ರೂಪಾಯಿ.

'ಇದೇನವ್ವ, ಯಾರಿಗೆ ಕೊಟ್ಟಿದ್ದು?' ಎಂದು ಕೇಳಿದೆ.

'ನಂಗೇನ್ ಗೊತ್ತು ಮಗ, ನಾನ್ ಯಾರ್ಗೂ ಕೊಟ್ಟಿಲ್ಲ' ಎಂದಳು.

ಅವಳು ಹೇಳಿದ್ದು ನಿಜ. ಅವಳಾಗಿ ಯಾರಿಗೂ ಕೊಟ್ಟಿರಲಿಲ್ಲ. ತಾನಾಗೇ ಹೋಗಿತ್ತು.

ಮೊದಲು ಮಾಡಬೇಕಾದ ಕೆಲಸ ಆ ಸಾಲು ಯಾರದು ಅಂತ ಕಂಡುಹಿಡಿಯುವುದು. ಇದು ಅಂದುಕೊಂಡದ್ದಕ್ಕಿಂತ ಕಷ್ಟ. ನಾವು ಫೋನಿನಲ್ಲಿ ನೋಡುವುದು ಆಪ್‌ನ ಹೆಸರು. ಬ್ಯಾಂಕಿನ ದಾಖಲೆಯಲ್ಲಿ ಬರುವುದು ಆ ಆಪ್ ನಡೆಸುವ ಕಂಪನಿಯ ಹೆಸರು. ಕೆಲವು ಸಲ ಅದೂ ಅಲ್ಲ, ಅವರ ಪರವಾಗಿ ದುಡ್ಡು ವಸೂಲಿ ಮಾಡುವ ಪೇಮೆಂಟ್ ಗೇಟ್‌ವೇ ಹೆಸರು. ಪಾಸ್‌ಬುಕ್‌ನಲ್ಲಿ ಜಾಗ ಸಾಲದೆ ಅದೂ ಅರ್ಧಕ್ಕೆ ತುಂಡಾಗಿರುತ್ತದೆ. ಅವ್ವನ ಪಾಸ್‌ಬುಕ್‌ನಲ್ಲಿ ಇದ್ದದ್ದು ಯುಪಿಐ ಎಂಬ ಗುರುತು, 12 ಅಂಕಿಯ ಒಂದು ನಂಬರ್, ಆಮೇಲೆ ಯಾರೂ ಕೇಳಿರದ ಹೆಸರಿನ ಮೊದಲ ಕೆಲವು ಅಕ್ಷರ. ಆ 12 ಅಂಕಿಯೇ ನಮಗೆ ದಾರಿ ತೋರಿಸಿದ್ದು. ಪ್ರತಿ ಯುಪಿಐ ವ್ಯವಹಾರಕ್ಕೂ ಅಂಥ ಒಂದು ನಂಬರ್ ಇರುತ್ತದೆ. ಫೋನಿನ ಯುಪಿಐ ಆಪ್‌ನಲ್ಲಿ ಹಳೆಯ ವ್ಯವಹಾರಗಳ ಪಟ್ಟಿ ತೆರೆದು, ತಾರೀಖು ನೋಡಿ, ಈ ನಂಬರ್ ತಾಳೆ ಹಾಕಿದರೆ ಪೂರ್ತಿ ಹೆಸರು ಸಿಗುತ್ತದೆ.

ಮನೆಗೆ ಬಂದು ಹುಡುಕಿದೆ. ಅವ್ವ ದಿನಾ ಬಳಸುವ ಆಪ್‌ನಲ್ಲಿ ಆ ತಾರೀಖಿಗೆ ಏನೂ ಇರಲಿಲ್ಲ. ಇನ್ನೂ ಗೊಂದಲ ಆಯಿತು. ಆಮೇಲೆ ಅವಳ ಎಸ್ಸೆಮ್ಮೆಸ್ ತೆರೆದು ಕೂತೆ. ಲೋನ್ ಬೇಕಾ, ರೀಚಾರ್ಜ್ ಮುಗೀತು, ಸೈಟ್ ಇದೆ ಬನ್ನಿ, ಇಂಥವೇ ನೂರಾರು. ಅವುಗಳ ಮಧ್ಯೆ ಬ್ಯಾಂಕಿನ ಮೆಸೇಜುಗಳು ಸಿಕ್ಕವು. ಪ್ರತಿ ತಿಂಗಳೂ ದುಡ್ಡು ಹೋಗುವ ಹಿಂದಿನ ದಿನ ಒಂದು ಮೆಸೇಜ್ ಬಂದಿತ್ತು. ಇಂಥ ಕಂಪನಿಗೆ, ಇಷ್ಟು ರೂಪಾಯಿ, ನಾಳೆ ನಿಮ್ಮ ಖಾತೆಯಿಂದ ಕಡಿತ ಆಗುತ್ತದೆ ಎಂದು. ಬಂದಿರಲಿಲ್ಲ ಎಂದು ಹೇಳುವ ಹಾಗಿಲ್ಲ. ಪ್ರತಿ ತಿಂಗಳೂ ತಪ್ಪದೆ ಬಂದಿತ್ತು.

ಅಷ್ಟೂ ಇಂಗ್ಲಿಷ್‌ನಲ್ಲಿ.

ನಮ್ಮ ಅವ್ವ ಓದು ಬರದವಳಲ್ಲ. ಏಳನೇ ಕ್ಲಾಸ್ ಓದಿದ್ದಾಳೆ. ಬೆಳಗ್ಗೆ ಪೇಪರ್ ಬಂದರೆ ಮೊದಲ ಪುಟದಿಂದ ನಿಧನ ವಾರ್ತೆವರೆಗೆ ಓದುತ್ತಾಳೆ. ಅವಳ ಫೋನಿನ ಮೆನು ಕನ್ನಡದಲ್ಲೇ ಇದೆ. ಅವಳಿಗೆ ಸೀರಿಯಲ್ ತೋರಿಸಿ, ಒಂದು ರೂಪಾಯಿಗೆ ಸೇರಿಕೊಳ್ಳಿ ಎಂದು ಕರೆದ ಜಾಹೀರಾತು ಕೂಡ ಕನ್ನಡದಲ್ಲೇ ಇತ್ತು. ದುಡ್ಡು ಕೇಳುವಾಗ ಕನ್ನಡ ಬಂತು. ದುಡ್ಡು ಹೋಗುತ್ತಿದೆ ಎಂದು ಹೇಳುವಾಗ ಮಾತ್ರ ಕನ್ನಡ ಇಲ್ಲ. ನನಗೆ 199 ರೂಪಾಯಿಗಿಂತ ಜಾಸ್ತಿ ನೋವಾದದ್ದು ಇದಕ್ಕೆ.

ಹೇಗೆ ಶುರುವಾಯಿತು ಎಂದು ನಿಧಾನವಾಗಿ ಕೇಳಿದೆ. ಈಗ ಒಂದೆರಡು ನಿಮಿಷದ ಸಣ್ಣ ಕಂತುಗಳ ಧಾರಾವಾಹಿ ತೋರಿಸುವ ಆಪ್‌ಗಳು ಬಂದಿವೆಯಲ್ಲ, ಅಂಥದ್ದೊಂದು. ಬೇಸಿಗೆಯಲ್ಲಿ ಮದುವೆಗೆ ಬಂದಿದ್ದ ನೆಂಟರ ಹುಡುಗಿ ಹಾಕಿಕೊಟ್ಟಿದ್ದಳಂತೆ. ಮೊದಲ ಕೆಲವು ಕಂತು ಪುಕ್ಕಟೆ. ಕಥೆ ಬಿಗಿಯಾದ ಜಾಗದಲ್ಲಿ ನಿಂತುಹೋಗುತ್ತದೆ. ಮುಂದೆ ನೋಡಬೇಕಾದರೆ ಒಂದು ರೂಪಾಯಿ.

'ಒಂದ್ರುಪಾಯಿ ಅಂತ ದಪ್ಪುಕ್ಕೆ ಬರ್ದಿತ್ತು ಕಣವ್ವ. ಒಂದ್ರುಪಾಯಿಗೆ ಪಿನ್ ಒತ್ತಿದ್ದೆ ನಾನು' ಎಂದಳು.

ಒಂದು ರೂಪಾಯಿ ಕೊಡಲು ಒತ್ತಿದ ಆ ಪಿನ್‌ನಿಂದಲೇ ಆಟೋಪೇಗೂ ಒಪ್ಪಿಗೆ ಹೋಗಿತ್ತು. ಯುಪಿಐ ಆಟೋಪೇ 2020ರಲ್ಲಿ ಬಂದ ವ್ಯವಸ್ಥೆ. ಕರೆಂಟ್ ಬಿಲ್, ವಿಮೆಯ ಕಂತು ಕಟ್ಟಲು ನಿಜಕ್ಕೂ ಅನುಕೂಲದ್ದು. ಒಮ್ಮೆ ಪಿನ್ ಹಾಕಿ ಒಪ್ಪಿದರೆ ಸಾಕು. ಆಮೇಲೆ ಸಾಮಾನ್ಯವಾಗಿ 15,000 ರೂಪಾಯಿವರೆಗಿನ ಕಂತುಗಳಿಗೆ ಪ್ರತಿ ಸಲ ಪಿನ್ ಕೇಳುವುದಿಲ್ಲ. ಈ ಒಪ್ಪಿಗೆಗೆ ಬ್ಯಾಂಕಿನವರು ಮ್ಯಾಂಡೇಟ್ ಎನ್ನುತ್ತಾರೆ. ಆ ಪರದೆಯಲ್ಲಿ ಮೂರು ದಿನ ಆದ ಮೇಲೆ ತಿಂಗಳಿಗೆ 199 ಎಂದು ಎಲ್ಲೋ ಸಣ್ಣ ಅಕ್ಷರದಲ್ಲಿ ಇದ್ದಿರಲೇಬೇಕು. ಅವ್ವನ ಕಣ್ಣಿಗೆ ಬಿದ್ದದ್ದು ದಪ್ಪ ಅಕ್ಷರದ ಒಂದು ರೂಪಾಯಿ. ಬೀಳಬೇಕು ಎಂದು ಅವರು ಬಯಸಿದ್ದೂ ಅದೇ.

ಅವ್ವ ಅರ್ಧ ಗಂಟೆ ಸುಮ್ಮನಿದ್ದಳು. ಆಮೇಲೆ ಕೇಳಿದಳು: 'ಕೇಬಲ್ಲವ್ನು ತಿಂಗ್ಳಿಗೊಂದ್ಸತಿ ಮನೆ ಮುಂದೆ ಬಂದು ನಿಂತ್ಕೊಂಡು ದುಡ್ಡು ಕೇಳ್ತಾನೆ. ಇಲ್ಲ ಅಂದ್ರೆ ನಾಳಿಕ್ಕೆ ಬತ್ತೀನಿ ಅಂತಾನೆ. ಇವ್ರು ನನ್ ಕೇಳ್ದೆ ಎಂಗೆ ಒಳಿಕ್ ಬಂದು ತಕ್ಕೊಂಡೋಯ್ತಾರೆ?'

ಈ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಮ್ಯಾಂಡೇಟ್ ನಿಲ್ಲಿಸುವ ಕೆಲಸಕ್ಕೆ ಕೈ ಹಾಕಿದೆ.

ದಿನಾ ಬಳಸುವ ಯುಪಿಐ ಆಪ್‌ನಲ್ಲಿ ಆಟೋಪೇ ಪಟ್ಟಿ ತೆರೆದರೆ ಖಾಲಿ. ಆಮೇಲೆ ಗೊತ್ತಾಯಿತು, ಅವಳ ಫೋನಿನಲ್ಲಿ ಇನ್ನೊಂದು ಯುಪಿಐ ಆಪ್ ಇದೆ. ಹಿಂದೊಮ್ಮೆ ಯಾವುದೋ ಅಂಗಡಿಯವರು ಕ್ಯಾಶ್‌ಬ್ಯಾಕ್ ಬರುತ್ತದೆ ಎಂದು ಹಾಕಿಸಿದ್ದರು. ಸೀರಿಯಲ್ ಆಪ್ ದುಡ್ಡು ಕೇಳಿದಾಗ ಆ ಎರಡನೆಯದೇ ತೆರೆದುಕೊಂಡಿತ್ತು. ಖಾತೆ ಒಂದೇ, ಪಿನ್ ಒಂದೇ. ಆದರೆ ಮ್ಯಾಂಡೇಟ್ ಕಂಡದ್ದು ಅದನ್ನು ಮಾಡಿದ ಆಪ್‌ನಲ್ಲಿ ಮಾತ್ರ. ನಿಮ್ಮ ಮನೆಯ ಹಿರಿಯರ ಫೋನ್ ನೋಡುವಾಗ ಇದನ್ನು ಮರೆಯಬೇಡಿ. ಎಷ್ಟು ಯುಪಿಐ ಆಪ್ ಇವೆಯೋ ಅಷ್ಟನ್ನೂ ತೆರೆದು ನೋಡಿ. ಸಾಮಾನ್ಯವಾಗಿ ಪ್ರೊಫೈಲ್ ಒತ್ತಿದರೆ ಆಟೋಪೇ ಅಥವಾ ಮ್ಯಾಂಡೇಟ್ ಎಂಬ ಆಯ್ಕೆ ಸಿಗುತ್ತದೆ. ಇನ್ನೊಂದು ವಿಷಯ: ಆ ಆಪ್ಪನ್ನು ಫೋನಿನಿಂದ ತೆಗೆದುಹಾಕಿದರೆ ಮ್ಯಾಂಡೇಟ್ ಹೋಗುವುದಿಲ್ಲ. ಅದು ಬ್ಯಾಂಕ್ ಖಾತೆಗೆ ಅಂಟಿಕೊಂಡಿರುತ್ತದೆ.

ಅಲ್ಲಿ ಕಂಡ ವಿವರ ನೋಡಿ ಗಾಬರಿಯಾಯಿತು. 199 ಎಂದು ಎಲ್ಲೂ ಇರಲಿಲ್ಲ. ಗರಿಷ್ಠ ಮೊತ್ತ ಎಂದು ಅದಕ್ಕಿಂತ ಎಷ್ಟೋ ದೊಡ್ಡ ಅಂಕಿ ಇತ್ತು. ಅಂದರೆ ಅವರು ನಾಳೆ ದರ ಏರಿಸಿದರೂ ಹೊಸ ಪಿನ್ ಬೇಡ, ಆ ಮಿತಿಯೊಳಗೆ ಎಷ್ಟು ಬೇಕಾದರೂ ತೆಗೆಯಬಹುದು. ಮುಗಿಯುವ ದಿನಾಂಕವಂತೂ ಅವ್ವನ ವಯಸ್ಸಿಗೆ ಅರ್ಥವೇ ಇಲ್ಲದಷ್ಟು ದೂರದ್ದು.

ರದ್ದು ಮಾಡಲು ಒತ್ತಿದೆ. ಪಿನ್ ಕೇಳಿತು. ಅವ್ವ ಫೋನನ್ನೇ ಕಿತ್ತುಕೊಂಡಳು.

'ಪಿನ್ ಒತ್ತಿದ್ರೆ ದುಡ್ಡು ಓಯ್ತದೆ ಅಂತ ನೀನೇ ಯೋಳಿದ್ದೆ ಅಲ್ವಾ? ಈಗ ನೀನೇ ಒತ್ತು ಅಂತೀಯ.'

ಅವಳು ಸರಿಯಾಗೇ ಹಿಡಿದಿದ್ದಳು. ದುಡ್ಡು ಬರಬೇಕಾದರೆ ಪಿನ್ ಬೇಡ, ಪಿನ್ ಕೇಳಿದರೆ ಮೋಸ ಎಂದು ನಾವೆಲ್ಲ ಹಿರಿಯರಿಗೆ ಹೇಳಿಕೊಟ್ಟಿದ್ದೇವೆ. ಆ ಮಾತು ಈಗಲೂ ಸರಿ. ಆದರೆ ಮ್ಯಾಂಡೇಟ್ ರದ್ದು ಮಾಡುವಾಗಲೂ ಪಿನ್ ಕೇಳುತ್ತದೆ, ಬೇರೆ ಯಾರೂ ರದ್ದು ಮಾಡದಿರಲಿ ಎಂದು. ಇದನ್ನು ಅವಳಿಗೆ ಬಿಡಿಸಿ ಹೇಳಬೇಕಾಯಿತು. ನಾವಾಗಿ ಆಪ್ ತೆರೆದು, ರದ್ದು ಎನ್ನುವುದನ್ನು ನಾವೇ ಹುಡುಕಿ ಒತ್ತಿದಾಗ ಬರುವ ಪಿನ್ ಬೇರೆ. ಯಾರೋ ಫೋನ್ ಮಾಡಿ ಒತ್ತಿ ಎಂದಾಗ ಬರುವ ಪಿನ್ ಬೇರೆ. ಅವಳಿಗೆ ಅರ್ಥವಾದ ಮೇಲೆ ಅವಳೇ ಒತ್ತಿದಳು. ರದ್ದಾಗಿದೆ ಎಂದು ಬಂತು. ಅದನ್ನು ಸ್ಕ್ರೀನ್‌ಶಾಟ್ ತೆಗೆದಿಟ್ಟೆವು.

ಇಷ್ಟಕ್ಕೇ ಮುಗಿಯಲಿಲ್ಲ. ಮ್ಯಾಂಡೇಟ್ ರದ್ದಾದರೆ ದುಡ್ಡು ಹೋಗುವುದು ನಿಲ್ಲುತ್ತದೆ. ಆದರೆ ಆಪ್‌ನವರ ಲೆಕ್ಕದಲ್ಲಿ ಅವ್ವ ಇನ್ನೂ ಚಂದಾದಾರಳೇ. ಅದನ್ನು ಆಪ್‌ನ ಒಳಗೆ ಹೋಗಿ ಬೇರೆಯಾಗಿ ರದ್ದು ಮಾಡಬೇಕು. ಎರಡನ್ನೂ ಮಾಡುವುದು ಒಳ್ಳೆಯದು. ಆಪ್‌ನಲ್ಲಿ ಮಾತ್ರ ರದ್ದು ಮಾಡಿ ಮ್ಯಾಂಡೇಟ್ ಬಿಟ್ಟರೆ ಖಾತೆಯ ಮೇಲಿನ ಒಪ್ಪಿಗೆ ಹಾಗೇ ಉಳಿದಿರಬಹುದು. ಮ್ಯಾಂಡೇಟ್ ಮಾತ್ರ ತೆಗೆದರೆ ದುಡ್ಡು ಕಟ್ಟಿ ಎಂಬ ಮೆಸೇಜುಗಳ ಕಾಟ ನಿಲ್ಲುವುದಿಲ್ಲ. ಆ ಆಪ್‌ನಲ್ಲಿ ಸೇರುವ ಬಟನ್ ಮೊದಲ ಪುಟದಲ್ಲೇ ಹೊಳೆಯುತ್ತಿತ್ತು. ಬಿಡುವ ಬಟನ್ ಹುಡುಕಲು ಸೆಟ್ಟಿಂಗ್ಸ್, ಅದರೊಳಗೆ ಸಹಾಯ, ಅದರೊಳಗೆ ಪ್ರಶ್ನೋತ್ತರ, ಹೀಗೆ ಇಳಿದು ಹೋಗಬೇಕಾಯಿತು. ಸಿಕ್ಕ ಮೇಲೂ ನಿಜವಾಗಿ ಬಿಡ್ತೀರಾ, ಅರ್ಧ ಬೆಲೆಗೆ ಕೊಡ್ತೀವಿ, ಕಾರಣ ಹೇಳಿ ಎಂದು ಒಂದರ ಮೇಲೊಂದು ಪುಟ.

ಹೀಗೆ ಮಾಡುವುದಕ್ಕೆ ನಮ್ಮ ಕಾನೂನಿನಲ್ಲಿ ಹೆಸರಿದೆ ಎಂದು ಆಮೇಲೆ ಓದಿ ತಿಳಿದೆ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಡಾರ್ಕ್ ಪ್ಯಾಟರ್ನ್ ತಡೆಯುವ ಮಾರ್ಗಸೂಚಿ ಹೊರಡಿಸಿದೆ. ಆನ್‌ಲೈನ್‌ನಲ್ಲಿ ಗ್ರಾಹಕರನ್ನು ದಾರಿ ತಪ್ಪಿಸುವ 13 ಬಗೆಯ ತಂತ್ರಗಳನ್ನು ಅದು ಪಟ್ಟಿ ಮಾಡುತ್ತದೆ. ಅದರಲ್ಲಿ ಚಂದಾ ಬಲೆಯೂ ಒಂದು. ರದ್ದು ಮಾಡುವುದನ್ನು ಸುತ್ತುಬಳಸು ಮಾಡುವುದು, ರದ್ದಿನ ಆಯ್ಕೆಯನ್ನು ಮರೆಮಾಡುವುದು, ಪುಕ್ಕಟೆ ಚಂದಾ ಕೊಡುವುದಕ್ಕೂ ಆಟೋ ಡೆಬಿಟ್ ಒಪ್ಪಿಗೆ ಬಲವಂತವಾಗಿ ಪಡೆಯುವುದು, ಇವೆಲ್ಲ ಅದರಡಿ ಬರುತ್ತವೆ. ಇದು ಗೊತ್ತಾದದ್ದು ಮುಂದೆ ದೂರು ಬರೆಯುವಾಗ ಬಹಳ ಸಹಾಯಕ್ಕೆ ಬಂತು. ದುಡ್ಡು ಹೋಯಿತು, ವಾಪಸ್ ಕೊಡಿ ಎಂದು ಬರೆಯುವುದಕ್ಕೂ ಇಂಥ ಮಾರ್ಗಸೂಚಿಯ ಇಂಥ ಅಂಶ ಮೀರಿದ್ದೀರಿ ಎಂದು ಬರೆಯುವುದಕ್ಕೂ ಬರುವ ಉತ್ತರ ಬೇರೆ.

ಇನ್ನು 1,499 ರೂಪಾಯಿಯದು. ಇದು ಕಾರ್ಡಿನ ವ್ಯವಹಾರ, ವರ್ಷದ ಚಂದಾ. ಹೆಸರು ನೋಡಿದ ಕೂಡಲೇ ಇದು ಒಂದು ದೊಡ್ಡ ಒಟಿಟಿ ಎಂದು ಗೊತ್ತಾಯಿತು. ಹಿಂದಿನ ವರ್ಷ ಹೊಸ ಟಿವಿ ತಂದಾಗ ನನ್ನ ಸೋದರಮಾವನ ಮಗ ಕ್ರಿಕೆಟ್ ನೋಡಲು ಹಾಕಿಸಿದ್ದ. ಅವ್ವನೇ ಪ್ರೀತಿಯಿಂದ ಕಾರ್ಡ್ ಕೊಟ್ಟಿದ್ದಳು. ಒಂದು ವರ್ಷಕ್ಕೆ ಅಂತ. ವರ್ಷ ಮುಗಿದಾಗ ತಾನಾಗೇ ಮತ್ತೆ ಒಂದು ವರ್ಷಕ್ಕೆ ಕಡಿತ ಆಗಿತ್ತು. ಅವನಿಗೆ ಫೋನ್ ಮಾಡಿದೆ. ಈಗ ಅವನು ಬೆಂಗಳೂರಿನಲ್ಲಿದ್ದಾನೆ.

'ಅಕ್ಕ, ಅದು ನನ್ನ ಹಳೇ ನಂಬರಲ್ಲಿ ಮಾಡಿದ್ದು. ಆ ಸಿಮ್ ಈಗ ಇಲ್ಲ. ಓಟಿಪಿ ಬರಲ್ಲ, ಲಾಗಿನ್ ಆಗಕ್ಕಾಗಲ್ಲ. ಅತ್ತೆಗೆ ನಾನು ದುಡ್ಡು ಹಾಕ್ತೀನಿ ಬಿಡಿ' ಎಂದ.

ಅವ್ವ ಅವನ ದುಡ್ಡು ಬೇಡ ಎಂದಳು. ಆದರೆ ಮುಂದಿನ ವರ್ಷ ಮತ್ತೆ ಹೋಗಬಾರದಲ್ಲ. ಆಪ್ ಕಡೆಯಿಂದ ದಾರಿ ಇಲ್ಲ. ಹಾಗಾಗಿ ಬ್ಯಾಂಕಿನ ಕಡೆಯಿಂದಲೇ ನಿಲ್ಲಿಸಬೇಕಿತ್ತು. ಕಾರ್ಡಿನ ಇ-ಮ್ಯಾಂಡೇಟ್‌ಗಳ ಬಗ್ಗೆ ರಿಸರ್ವ್ ಬ್ಯಾಂಕ್ 2019ರ ಆಗಸ್ಟ್‌ನಲ್ಲಿ ಸುತ್ತೋಲೆ ಹೊರಡಿಸಿತ್ತು. 2020ರ ಜನವರಿಯಲ್ಲಿ ಅದನ್ನು ಯುಪಿಐಗೂ ವಿಸ್ತರಿಸಿತು. 2021ರ ಅಕ್ಟೋಬರ್ 1ರಿಂದ ಹಳೆಯ ಪದ್ಧತಿಯ ಆಟೋ ಡೆಬಿಟ್‌ಗಳು ಪೂರ್ತಿ ನಿಂತವು. ಆ ನಿಯಮದ ಪ್ರಕಾರ ಗ್ರಾಹಕರು ಯಾವಾಗ ಬೇಕಾದರೂ ಮ್ಯಾಂಡೇಟ್ ಹಿಂಪಡೆಯಬಹುದು. ಅದಕ್ಕೆ ಆನ್‌ಲೈನ್ ಸೌಲಭ್ಯ ಕೊಡುವುದು ಬ್ಯಾಂಕಿನ ಜವಾಬ್ದಾರಿ. ಈ ಸೌಲಭ್ಯಕ್ಕೆ ಗ್ರಾಹಕರಿಂದ ಶುಲ್ಕ ತೆಗೆದುಕೊಳ್ಳುವ ಹಾಗಿಲ್ಲ. ಕೆಲವು ಬ್ಯಾಂಕುಗಳ ನೆಟ್‌ಬ್ಯಾಂಕಿಂಗ್‌ನಲ್ಲೇ ಈ ಪಟ್ಟಿ ಇರುತ್ತದೆ. ಕೆಲವು ಬ್ಯಾಂಕುಗಳು ಇದಕ್ಕೆಂದೇ ಬೇರೆ ಪುಟಕ್ಕೆ ಕಳಿಸುತ್ತವೆ. ಅವ್ವನಿಗೆ ನೆಟ್‌ಬ್ಯಾಂಕಿಂಗ್ ಇಲ್ಲ. ಮತ್ತೆ ಬ್ಯಾಂಕಿಗೇ ಹೋದೆವು.

ಕೌಂಟರಿನಲ್ಲಿ ಮೊದಲು ಸಿಕ್ಕ ಉತ್ತರ: 'ಪಿನ್ ನೀವೇ ಹಾಕಿದ್ದೀರ, ಕಾರ್ಡ್ ನೀವೇ ಕೊಟ್ಟಿದ್ದೀರ. ನಾವೇನೂ ಮಾಡಕ್ಕಾಗಲ್ಲ ಮೇಡಂ. ಬೇಕಾದ್ರೆ ಕಾರ್ಡ್ ಬ್ಲಾಕ್ ಮಾಡ್ಸಿ.' ಅವ್ವನ ಹಿಂದೆ ಉದ್ದದ ಸಾಲು ಇತ್ತು. ಪಿಂಚಣಿಯ ತಿಂಗಳು. ಅವ್ವ ನಡಿಯವ್ವ ಹೋಗೋಣ ಎಂದು ಸೆರಗು ಎಳೆದಳು. ನಾನು ಹೋಗಲಿಲ್ಲ. ಒಂದು ಚಂದಾ ನಿಲ್ಲಿಸಲು ಕಾರ್ಡನ್ನೇ ಬ್ಲಾಕ್ ಮಾಡಿಸುವುದು ಸರಿ ಅನ್ನಿಸಲಿಲ್ಲ. ಅವಳ ಕಾರ್ಡೂ ಹೋಗುತ್ತದೆ ಅಷ್ಟೇ. ಒಳಗೆ ಕೂತಿದ್ದ ಇನ್ನೊಬ್ಬ ಅಧಿಕಾರಿಯ ಹತ್ತಿರ ಹೋದೆ. ಅವರು ಪುಣ್ಯಕ್ಕೆ ಪೂರ್ತಿ ಕೇಳಿಸಿಕೊಂಡರು. ಅವ್ವನನ್ನು ಕುರ್ಚಿಯಲ್ಲಿ ಕೂರಿಸಿದರು. ಅವಳ ಫೋನಿನಲ್ಲೇ ಕಾರ್ಡ್ ಮ್ಯಾಂಡೇಟ್‌ಗಳ ಪುಟ ತೆರೆದು, ಕಾರ್ಡ್ ನಂಬರ್ ಅವಳ ಕೈಯಲ್ಲೇ ಹಾಕಿಸಿ, ಓಟಿಪಿ ಬಂದ ಮೇಲೆ ರದ್ದು ಮಾಡಿಸಿಕೊಟ್ಟರು. ಹತ್ತು ನಿಮಿಷವೂ ಹಿಡಿಯಲಿಲ್ಲ.

ಅವರು ಒಂದು ಮುಖ್ಯ ಮಾತು ಹೇಳಿದರು. ದೂರು ಬರೆಯುವಾಗ ಇದನ್ನು ವಂಚನೆ ಎಂದು ಬರೆಯಬೇಡಿ ಎಂದರು. ನಮಗೆ ಗೊತ್ತೇ ಇಲ್ಲದೆ ಯಾರೋ ದುಡ್ಡು ಹೊಡೆದರೆ ಅದರ ದಾರಿ ಬೇರೆ. ಕೂಡಲೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಫೋನ್ ಮಾಡಬೇಕು, ಬ್ಯಾಂಕಿಗೆ ತಿಳಿಸಬೇಕು. ಗ್ರಾಹಕರದಾಗಲೀ ಬ್ಯಾಂಕಿನದಾಗಲೀ ತಪ್ಪಿಲ್ಲದೆ ಹೊರಗಿನವರಿಂದ ಹಾಗೆ ಆಗಿದ್ದರೆ, ಮೆಸೇಜ್ ಬಂದ ಮೂರು ಕೆಲಸದ ದಿನದೊಳಗೆ ತಿಳಿಸಿದವರಿಗೆ ನಷ್ಟದ ಹೊಣೆ ಇಲ್ಲ ಎಂದು ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆ ಹೇಳಿತ್ತು. ನಮ್ಮದು ಹಾಗಲ್ಲ. ಒಪ್ಪಿಗೆ ಇತ್ತು. ಆ ಒಪ್ಪಿಗೆ ಪಡೆದ ರೀತಿ ಸರಿ ಇರಲಿಲ್ಲ. ಇವೆರಡನ್ನೂ ಕಲಸಿದರೆ ದೂರು ಮೊದಲ ಮೆಟ್ಟಿಲಲ್ಲೇ ಬಿದ್ದುಹೋಗುತ್ತದೆ. ಆ ಅಧಿಕಾರಿಗೆ ನಾನು ಈಗಲೂ ಋಣಿ.

ಹಾಗಾಗಿ ದುಡ್ಡು ವಾಪಸ್ ಕೇಳಬೇಕಾದದ್ದು ಕಂಪನಿಯನ್ನು. ಇಲ್ಲೊಂದು ಎಚ್ಚರಿಕೆ ಹೇಳಲೇಬೇಕು. ಕಸ್ಟಮರ್ ಕೇರ್ ನಂಬರನ್ನು ಸುಮ್ನೆ ಇಂಟರ್‌ನೆಟ್‌ನಲ್ಲಿ ಹುಡುಕಿ ಫೋನ್ ಮಾಡಬೇಡಿ. ರೀಫಂಡ್ ಕೊಡುತ್ತೇವೆ ಎಂದು ಕಾದು ಕೂತ ಕಳ್ಳರು ಅಲ್ಲಿ ತಮ್ಮ ನಂಬರ್ ಹಾಕಿರುತ್ತಾರೆ. ಆಪ್‌ನ ಒಳಗೆ ಇರುವ ಸಹಾಯದ ಪುಟ, ಅಲ್ಲಿ ಕೊಟ್ಟ ಇಮೇಲ್, ಅಷ್ಟನ್ನೇ ನಂಬಿ.

ಸೀರಿಯಲ್ ಆಪ್‌ಗೆ ಇಮೇಲ್ ಬರೆದೆ. ದಿನಾಂಕ, ಮೊತ್ತ, 12 ಅಂಕಿಯ ನಂಬರ್‌ಗಳು, ರದ್ದಾದ ಸ್ಕ್ರೀನ್‌ಶಾಟ್ ಎಲ್ಲ ಇಟ್ಟೆ. ಮೊದಲ ತಿಂಗಳ ನಂತರ ಆ ಆಪ್ ತೆರೆದೇ ಇಲ್ಲ ಎಂಬುದನ್ನು ನಿಮ್ಮ ದಾಖಲೆಯಲ್ಲೇ ನೋಡಿ ಎಂದು ಬರೆದೆ. ಉತ್ತರ ಬೇಗನೆ ಬಂತು. ನಮ್ಮ ನೀತಿಯ ಪ್ರಕಾರ ಕಟ್ಟಿದ ದುಡ್ಡು ವಾಪಸ್ ಇಲ್ಲ, ನಮ್ಮ ಜೊತೆ ಇದ್ದದ್ದಕ್ಕೆ ಧನ್ಯವಾದ ಎಂದು. ಮತ್ತೆ ಬರೆದೆ. ಅದೇ ಉತ್ತರ, ಅಕ್ಷರವೂ ಬದಲಾಗಿರಲಿಲ್ಲ.

ಆಗ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಫೋನ್ ಮಾಡಿದೆವು. ನಾವು ಎನ್ನಲು ಕಾರಣ ಇದೆ. ಅಲ್ಲಿ ಕನ್ನಡದಲ್ಲಿ ಮಾತಾಡಬಹುದು. ಭಾಷೆ ಆರಿಸಿಕೊಂಡ ಮೇಲೆ ಫೋನನ್ನು ಅವ್ವನ ಕೈಗೇ ಕೊಟ್ಟೆ. ಅವಳ ದುಡ್ಡು, ಅವಳೇ ಹೇಳಲಿ ಎಂದು. ಮೊದಲು ತಡವರಿಸಿದಳು. ಆಮೇಲೆ ಒಂದು ರೂಪಾಯಿಯ ಕಥೆಯನ್ನು ಮೊದಲಿಂದ ಕೊನೆವರೆಗೆ ಹೇಳಿದಳು. ಆ ಕಡೆಯ ಹುಡುಗಿ ತಾಳ್ಮೆಯಿಂದ ಕೇಳಿ, ಯಾವ ತಾರೀಖು ಅಮ್ಮ, ಎಷ್ಟು ಸಲ ಹೋಗಿದೆ ಅಮ್ಮ ಎಂದು ಬರೆದುಕೊಂಡಳು. ದೂರಿನ ನಂಬರ್ ಎಸ್ಸೆಮ್ಮೆಸ್‌ನಲ್ಲಿ ಬಂತು. ಇಷ್ಟು ಹೊತ್ತೂ ನಾನು ಮಾತಾಡುತ್ತಿದ್ದೆ, ಅವ್ವ ಪಕ್ಕದಲ್ಲಿ ಕೂತು ತಪ್ಪಿತಸ್ಥಳ ಹಾಗೆ ತಲೆ ತಗ್ಗಿಸುತ್ತಿದ್ದಳು. ತನ್ನ ಭಾಷೆಯಲ್ಲಿ ತಾನೇ ಹೇಳಿದ ಮೇಲೆ ಅವಳ ಕೂರುವ ಭಂಗಿಯೇ ಬದಲಾಯಿತು.

1915 ಕೋರ್ಟ್ ಅಲ್ಲ. ಅವರು ದೂರನ್ನು ಕಂಪನಿಗೆ ಕಳಿಸಿ ಉತ್ತರ ಕೇಳುತ್ತಾರೆ. ಆದೇಶ ಕೊಡುವ ಅಧಿಕಾರ ಅವರಿಗಿಲ್ಲ. ಆದರೂ ಕೆಲಸ ಆಯಿತು. ನೀತಿಯ ಪ್ರಕಾರ ಆಗುವುದಿಲ್ಲ ಎಂದಿದ್ದ ಕಂಪನಿಯೇ ಕೊನೆಯ ಎರಡು ತಿಂಗಳ 398 ರೂಪಾಯಿ ಖಾತೆಗೆ ವಾಪಸ್ ಹಾಕಿತು. ಉಳಿದದ್ದು ಕೊಡಲಿಲ್ಲ. ಅಲ್ಲಿಗೂ ಬಗೆಹರಿಯದಿದ್ದರೆ ಜಿಲ್ಲಾ ಗ್ರಾಹಕ ಆಯೋಗ ಇದೆ. 5 ಲಕ್ಷ ರೂಪಾಯಿವರೆಗಿನ ಪ್ರಕರಣಕ್ಕೆ ಅಲ್ಲಿ ಅರ್ಜಿ ಶುಲ್ಕವೂ ಇಲ್ಲ. ಹೋಗೋಣವಾ ಎಂದು ಅವ್ವನನ್ನು ಕೇಳಿದೆ. ಸಾಕು, ನಿಂತಿತಲ್ಲ ಎಂದಳು. ಅವಳ ಮಾತಿಗೆ ಬೆಲೆ ಕೊಟ್ಟೆ. ದೊಡ್ಡ ಒಟಿಟಿಯವರು ಮಾತ್ರ ಚಂದಾದಾರರ ನಂಬರ್‌ನಿಂದಲೇ ದೂರು ಬರಬೇಕು ಎಂದು ಕೈತೊಳೆದುಕೊಂಡರು. ದುಡ್ಡು ಕಟ್ಟಿದವರು ಒಬ್ಬರು, ದೂರು ಕೊಡಬಲ್ಲವರು ಇನ್ನೊಬ್ಬರು, ಆ ಇನ್ನೊಬ್ಬರ ಸಿಮ್ ಇಲ್ಲ. ಆ 1,499 ಹೋದದ್ದು ಹೋಯಿತು. ಮನೆಯ ಮಕ್ಕಳಿಗೆ ಕಾರ್ಡ್ ಕೊಡುವುದಿದ್ದರೂ ಚಂದಾ ಮಾತ್ರ ಕಾರ್ಡ್ ಯಾರದೋ ಅವರ ಫೋನ್ ನಂಬರಿನಲ್ಲೇ ಇರಲಿ.

ದುಡ್ಡಿನ ಕಥೆ ಇಷ್ಟು. ಆದರೆ ನನ್ನ ಮನಸ್ಸು ಆ ಇಂಗ್ಲಿಷ್ ಮೆಸೇಜುಗಳ ಹತ್ತಿರವೇ ನಿಂತಿತ್ತು. ಕಡಿತಕ್ಕೆ ಕನಿಷ್ಠ 24 ಗಂಟೆ ಮೊದಲು ಗ್ರಾಹಕರಿಗೆ ತಿಳಿಸಬೇಕು ಎಂಬುದು ಒಳ್ಳೆಯ ನಿಯಮ. ಯಾರಿಗೆ, ಎಷ್ಟು, ಯಾವಾಗ, ಯಾಕೆ ಎಂದು ಹೇಳಬೇಕು. ಬೇಡ ಎನ್ನಲು ಅವಕಾಶ ಕೊಡಬೇಕು. ಅವ್ವನಂಥವರಿಗೆ ಇದಕ್ಕಿಂತ ದೊಡ್ಡ ರಕ್ಷಣೆ ಇನ್ನೊಂದಿಲ್ಲ. ಆ 2019ರ ಸುತ್ತೋಲೆಯನ್ನು ನಾನು ಕೂತು ಓದಿದೆ. ಈ ಸೂಚನೆ ಸ್ಪಷ್ಟವಾಗಿ, ಗೊಂದಲವಿಲ್ಲದೆ, ಅರ್ಥವಾಗುವ ಭಾಷೆಯಲ್ಲಿ ಇರಬೇಕು ಎಂಬ ಆಶಯ ಅದರಲ್ಲೇ ಇದೆ. ಅರ್ಥವಾಗಬೇಕಾದದ್ದು ಯಾರಿಗೆ? ದುಡ್ಡು ಯಾರದೋ ಅವರಿಗೆ ತಾನೇ? ಮಂಡ್ಯದಲ್ಲಿ ಪಿಂಚಣಿ ತೆಗೆದುಕೊಳ್ಳುವ ಹೆಂಗಸಿಗೆ ಅದು ಕನ್ನಡವೇ ಆಗಬೇಕು. ಮೇ ತಿಂಗಳಲ್ಲೇ 'ನಾಳೆ ನಿಮ್ಮ ಖಾತೆಯಿಂದ 199 ರೂಪಾಯಿ ಹೋಗುತ್ತದೆ' ಎಂದು ಕನ್ನಡದಲ್ಲಿ ಬಂದಿದ್ದರೆ ಅವಳು ಅವತ್ತೇ ಫೋನ್ ಹಿಡಿದು ನನ್ನ ಹತ್ತಿರ ಬರುತ್ತಿದ್ದಳು. ಇದು ಊಹೆ ಅಲ್ಲ. ಕರೆಂಟ್ ಬಿಲ್ ಹತ್ತು ರೂಪಾಯಿ ಜಾಸ್ತಿ ಬಂದರೂ ಕೇಳುವವಳು ಅವಳು.

ಅದಕ್ಕೇ ಬ್ಯಾಂಕಿಗೆ ಕನ್ನಡದಲ್ಲೇ ಒಂದು ಅರ್ಜಿ ಬರೆದೆವು. ಈ ಖಾತೆಯ ಎಲ್ಲ ಸೂಚನೆಗಳನ್ನೂ, ಮುಖ್ಯವಾಗಿ ಕಡಿತಕ್ಕೆ ಮೊದಲು ಬರುವುದನ್ನು, ಕನ್ನಡದಲ್ಲಿ ಕಳಿಸಿ ಎಂದು. ಅವ್ವ ಸಹಿ ಹಾಕಿದಳು. ಇನ್ನೊಂದು ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಂಡೆವು. ಇದನ್ನು ಬಿಡಬೇಡಿ. ಬ್ಯಾಂಕಿಗೆ ಲಿಖಿತ ದೂರು ಕೊಟ್ಟು 30 ದಿನದಲ್ಲಿ ಉತ್ತರ ಬರದಿದ್ದರೆ, ಅಥವಾ ಬಂದ ಉತ್ತರ ಸಮಾಧಾನ ತರದಿದ್ದರೆ, ಬ್ಯಾಂಕುಗಳ ಮೇಲಿನ ದೂರು ವಿಚಾರಿಸುವ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್‌ಗೆ ಹೋಗಬಹುದು. ಆ ದೂರು ಹಾಕಲು ಸಿಎಂಎಸ್ ಎಂಬ ಪೋರ್ಟಲ್ ಇದೆ. ಫೋನ್ ನಂಬರ್ 14448. ದುಡ್ಡು ಕಟ್ಟಬೇಕಿಲ್ಲ, ವಕೀಲರೂ ಬೇಕಿಲ್ಲ. ಆದರೆ ಮೊದಲು ಬ್ಯಾಂಕಿಗೆ ಕೊಟ್ಟ ದೂರಿನ ಪುರಾವೆ ಬೇಕು. ಆ ಸೀಲು ಅದಕ್ಕೇ.

ಬ್ಯಾಂಕಿನಿಂದ ಬಂದ ಫಲ ಅರ್ಧ. ಈಗ ದುಡ್ಡು ಜಮಾ ಆದರೆ, ಖರ್ಚಾದರೆ ಕನ್ನಡದಲ್ಲಿ ಮೆಸೇಜ್ ಬರುತ್ತದೆ. ಪಿಂಚಣಿ ಬಂದ ದಿನ ಅವ್ವ ಅದನ್ನು ಗಟ್ಟಿಯಾಗಿ ಓದಿ ಹೇಳಿದಳು. ಆದರೆ ಮ್ಯಾಂಡೇಟ್‌ನ ಸೂಚನೆಗೆ ಮಾತ್ರ, ಮೇಲಿನ ಕಚೇರಿಗೆ ಕಳಿಸಿದ್ದೇವೆ ಎಂಬ ಉತ್ತರ ಬಂತು. ಮೂವತ್ತು ದಿನ ಕಳೆದ ಮೇಲೆ ಪೋರ್ಟಲ್‌ನಲ್ಲಿ ದೂರು ಹಾಕಿದ್ದೇನೆ. ಅದು ಇನ್ನೂ ಅಲ್ಲೇ ಇದೆ. ಬಿಡುವುದಿಲ್ಲ.

ಈ ನಡುವೆ ನಮ್ಮ ಬೀದಿಯಲ್ಲಿ ಸುದ್ದಿ ಹರಡಿತು. ಸುಭಾಷ್‌ನಗರದ ಹೆಂಗಸರು ಸಂಜೆ ಹೊತ್ತು ಫೋನ್ ಹಿಡಿದು ನಮ್ಮನೆಗೆ ಬರಲು ಶುರು ಮಾಡಿದರು. ಒಬ್ಬರಿಗೆ ಜಾತಕ ನೋಡುವ ಆಪ್, ಒಬ್ಬರಿಗೆ ಭಜನೆಯ ಆಪ್, ಒಬ್ಬರಿಗೆ ಮೊಮ್ಮಗನ ಆಟದ ಆಪ್. ಎಲ್ಲವೂ ಒಂದೋ ಎರಡೋ ರೂಪಾಯಿಯಿಂದ ಶುರುವಾದವು. ಎದುರು ಮನೆಯವರ ಫೋನಿಗೆ ಬಂದಿದ್ದ ಒಂದು ಇಂಗ್ಲಿಷ್ ಮೆಸೇಜ್ ಓದಿದೆ. ಮರುದಿನ 299 ರೂಪಾಯಿ ಹೋಗುವುದಿತ್ತು. ಅವ್ವ ನನ್ನ ಕೈಯಿಂದ ಫೋನ್ ತೆಗೆದುಕೊಂಡಳು. ಆಟೋಪೇ ಪಟ್ಟಿ ಎಲ್ಲಿದೆ ಎಂದು ಅವರಿಗೆ ತಾನೇ ತೋರಿಸಿದಳು. ಪಿನ್ ಕೇಳಿದಾಗ ಅವರು ಹಿಂಜರಿದರು. 'ಇದು ನಿಲ್ಲಿಸೋ ಪಿನ್ನು ಕಣಕ್ಕ, ಒತ್ತು' ಎಂದಳು. ಮರುದಿನ ಕೇಳಿದೆವು. ದುಡ್ಡು ಹೋಗಿರಲಿಲ್ಲ.